ನೆಲಮಾಳಿಗೆಯ ವಿಗ್ರಹಗಳು

ಮೊದಲೇ ಹೇಳಿಬಿಡ್ತೀನಿ, ಇದು ಸ್ವಲ್ಪ ಉದ್ದದ ಬರಹ. ಕಾಫಿ ಲೋಟ ಹಿಡ್ಕೊಂಡು ಕೂತ್ರೆ ಒಳ್ಳೇದು.

ನಾನು ಟೋಕಿಯೋಗೆ ಬಂದು ಆರು ತಿಂಗಳಾಗಿತ್ತು. ನಿಶಿ-ಕಸಾಯ್‌ನಲ್ಲಿ ಮನೆ, ಮನೆಯಿಂದ ಆಫೀಸು, ಆಫೀಸಿನಿಂದ ಮನೆ. ನಮ್ಮ ಟೀಮಿನಲ್ಲಿ ನಲವತ್ತು ದಾಟಿದ ಸೀನಿಯರ್ ಒಬ್ಬರಿದ್ದಾರೆ. ಬಿಲ್ಡ್ ಫೇಲ್ ಆದಾಗ ಬಿಟ್ಟರೆ ಬಾಯಿ ಬಿಡೋ ಪೈಕಿ ಅಲ್ಲ. ಒಂದು ಶುಕ್ರವಾರ ಸಂಜೆ ಅವರು ನನ್ನ ಸೀಟಿನ ಹತ್ತಿರ ಬಂದು, ನೆಲ ನೋಡ್ತಾ, "ನಾಳೆ ಬಿಡುವಿದ್ಯಾ?" ಅಂತ ಕೇಳಿದಾಗ ನನಗೆ ಗಾಬರಿಯೇ ಆಯ್ತು. ಶನಿವಾರ ಅಕಿಹಾಬಾರಾದ ಒಂದು ಕಟ್ಟಡದ ಕೆಳಗೆ, ಇಬ್ಬರು ಒಟ್ಟಿಗೆ ನಡೆಯಲಾಗದಷ್ಟು ಕಿರಿದಾದ ಮೆಟ್ಟಿಲಿಳಿದು ಹೋದ್ವಿ. ಟಿಕೆಟ್ಟು 2500 ಯೆನ್. ಅದರ ಮೇಲೆ ಕುಡಿಯೋದಕ್ಕೆ 600 ಯೆನ್ ಕಡ್ಡಾಯ. ಬೇಡ ಅಂದ್ರೂ ಕೊಡಲೇಬೇಕು. ಯಾಕೆ ಅಂದ್ರೆ ಇಲ್ಲಿ ಇಂಥ ಸಂಗೀತದ ಜಾಗಗಳಲ್ಲಿ ಬಹಳಷ್ಟು ಕಾಗದದ ಮೇಲೆ ಹೋಟೆಲ್ಲುಗಳು! ತಿನ್ನೋ-ಕುಡಿಯೋ ಲೈಸೆನ್ಸಿನ ಮೇಲೆ ನಡೀತಾವೆ. ಒಳಗೆ ನೂರು ಜನ ನಿಲ್ಲಬಹುದಾದ ಕೋಣೆಯಲ್ಲಿ ನಲವತ್ತು ಜನ ಇದ್ರು. ನನ್ನ ಸೀನಿಯರ್ ಬ್ಯಾಗಿನಿಂದ ಹಸಿರು ಬೆಳಕಿನ ಎರಡು ಕೋಲು ತೆಗೆದರು. ದೀಪ ಆರಿತು. ಐದು ಹುಡುಗಿಯರು ಸ್ಟೇಜಿಗೆ ಬಂದರು. ಆಮೇಲೆ ಆ ಮನುಷ್ಯ ಕಿರುಚಿದ ರೀತಿ ಇದೆಯಲ್ಲ, ಎರಡು ವರ್ಷ ಅವರ ಜೊತೆ ಕೆಲಸ ಮಾಡಿದವರೂ ನಂಬಲ್ಲ.

ಇವರನ್ನೇ ಇಲ್ಲಿ 'ಚಿಕಾ ಐಡೊರು' ಅಂತಾರೆ. ಚಿಕಾ ಅಂದ್ರೆ ನೆಲದಡಿ. ಐಡೊರು ಅಂದ್ರೆ ಇಂಗ್ಲಿಷಿನ ಐಡಲ್, ನಮ್ಮ ಮಾತಲ್ಲಿ ವಿಗ್ರಹ. ನಮ್ಮಲ್ಲಿ ಅಣ್ಣಾವ್ರು ಅಭಿಮಾನಿಗಳನ್ನೇ ದೇವರು ಅಂತ ಕರೆದರು. ಇಲ್ಲಿ ಸ್ಟೇಜಿನ ಮೇಲಿರೋರು ವಿಗ್ರಹ. ಆದ್ರೆ ಈ ವಿಗ್ರಹಕ್ಕೆ ಬಾಡಿಗೆ ಕಟ್ಟೋದಿರುತ್ತೆ, ಬೆಳಿಗ್ಗೆ ಎದ್ದು ಅಂಗಡಿಯಲ್ಲಿ ಪಾರ್ಟ್ ಟೈಮ್ ಕೆಲಸ ಮಾಡೋದಿರುತ್ತೆ.

ಆವತ್ತಿನಿಂದ ನಾನು ಈ ವಿಷಯದ ಬೆನ್ನು ಹತ್ತಿದೆ. ಇದರ ಇತಿಹಾಸ ಓದಿದೆ. ಇದರ ಬಗ್ಗೆ ದೊಡ್ಡವರಿಗಾಗಿ ಬರೆದ ಕಾದಂಬರಿ, ಸಿನಿಮಾ, ಮಾಂಗಾ ಹುಡುಕಿದೆ. ಆ ಎರಡನ್ನೂ ಅಕ್ಕಪಕ್ಕ ಇಟ್ಟು ನೋಡೋ ಪ್ರಯತ್ನ ಇದು.

ಐಡೊರು ಅನ್ನೋ ಮಾತು ಜಪಾನಿನಲ್ಲಿ ಮನೆಮಾತಾಗಿದ್ದು ಒಂದು ಫ್ರೆಂಚ್ ಸಿನಿಮಾದಿಂದ. ಸಿಲ್ವಿ ವಾರ್ಟಾನ್ ಹಾಡಿದ್ದ ಆ ಚಿತ್ರ 1964ರಲ್ಲಿ 'ಐಡಲನ್ನು ಹುಡುಕಿ' ಅನ್ನೋ ಅರ್ಥದ ಹೆಸರಿನಲ್ಲಿ ಇಲ್ಲಿ ಬಂತು. 1971ರಲ್ಲಿ ಟಿವಿಯಲ್ಲಿ 'ಸ್ಟಾರ್ ತಾಂಜೋ' ಅನ್ನೋ ಪ್ರತಿಭಾ ಶೋಧದ ಕಾರ್ಯಕ್ರಮ ಶುರುವಾಗಿ 1983ರವರೆಗೆ ನಡೀತು. ಅಲ್ಲಿಂದ ಬಂದವಳೇ ಯಾಮಾಗುಚಿ ಮೊಮೊಯೆ. 1973ರಲ್ಲಿ ಹದಿನಾಲ್ಕರ ಹುಡುಗಿಯಾಗಿ ಬಂದು, 1980ರ ಅಕ್ಟೋಬರಿನಲ್ಲಿ ಬುಡೋಕಾನ್ ಸಭಾಂಗಣದಲ್ಲಿ ಕೊನೆಯ ಹಾಡು ಹಾಡಿ, ಬಿಳಿ ಮೈಕನ್ನು ಸ್ಟೇಜಿನ ಮೇಲಿಟ್ಟು, ಮದುವೆಯಾಗಿ ಹೊರಟೇಹೋದಳು. ಆಗ ಅವಳಿಗೆ 21. ಆಮೇಲೆ ಸ್ಟೇಜಿಗೆ ವಾಪಸ್ ಬರಲೇ ಇಲ್ಲ. ಅವಳಿಗಿಂತ ಮುಂಚೆ, 1977ರಲ್ಲಿ, ಕ್ಯಾಂಡೀಸ್ ಅನ್ನೋ ಮೂವರ ತಂಡ ಹಿಬಿಯಾ ಬಯಲು ರಂಗದಲ್ಲಿ ಹಾಡ್ತಾ ಹಾಡ್ತಾ ಇದ್ದಕ್ಕಿದ್ದಂತೆ ಅಳೋಕೆ ಶುರು ಮಾಡಿ, ನಮಗೆ ಮಾಮೂಲಿ ಹುಡುಗಿಯರಾಗಿ ಬದುಕಬೇಕು ಅಂತ ಘೋಷಿಸಿಬಿಡ್ತು. ಮರುವರ್ಷ ಏಪ್ರಿಲ್ 4ಕ್ಕೆ ಕೊರಾಕುಎನ್ ಸ್ಟೇಡಿಯಮ್ಮಿನಲ್ಲಿ ಸುಮಾರು ಐವತ್ತು ಸಾವಿರ ಜನರ ಮುಂದೆ ಬೀಳ್ಕೊಡುಗೆ. ಕಾಲೇಜು ಹುಡುಗರು ಸಂಘ ಕಟ್ಟಿಕೊಂಡು, ಹಾಡಿನ ಮಧ್ಯೆ ಲಯಬದ್ಧವಾಗಿ ಹೆಸರು ಕೂಗೋ ಪದ್ಧತಿ ಗಟ್ಟಿಯಾಗಿದ್ದು ಇವರ ಕಾಲದಲ್ಲೇ. ನನ್ನ ಸೀನಿಯರ್ ಅಕಿಹಾಬಾರಾದ ನೆಲಮಾಳಿಗೆಯಲ್ಲಿ ಕಿರುಚಿದ್ದಕ್ಕೆ ಅಷ್ಟು ಹಳೇ ಬೇರಿದೆ.

ಇಲ್ಲಿ ಒಂದು ವಿಷಯ ಗಮನಿಸಿ. ಮೊಮೊಯೆಗೂ ಕ್ಯಾಂಡೀಸ್‌ಗೂ ಸಿಕ್ಕ ದೊಡ್ಡ ಚಪ್ಪಾಳೆ ಬಿಟ್ಟು ಹೋಗುವಾಗ ಸಿಕ್ಕಿದ್ದು. ಐಡಲ್ ಅನ್ನೋ ಕೆಲಸಕ್ಕೆ ಶುರುವಿನಿಂದಲೂ ಒಂದು ಮುಗಿಯೋ ದಿನಾಂಕ ಇದೆ. ಹಾಲಿನ ಪ್ಯಾಕೆಟ್ಟಿನ ಮೇಲೆ ಇರುತ್ತಲ್ಲ, ಹಾಗೆ. ಅದಕ್ಕೆ ಇಲ್ಲಿ 'ಸೊತ್ಸುಗ್ಯೋ' ಅಂತ ಚಂದದ ಹೆಸರಿಟ್ಟಿದ್ದಾರೆ, ಅಂದ್ರೆ ಪದವಿ ಪಡೆದು ಹೊರಬೀಳೋದು. ರಾಜೀನಾಮೆ ಕೊಟ್ಟರೂ ಪದವಿ, ಕಂಪನಿಯೇ ಕಳಿಸಿದರೂ ಪದವಿ.

ಎಂಬತ್ತರ ದಶಕ ಇದರ ಸುಗ್ಗಿಕಾಲ. ಮತ್ಸುದಾ ಸೇಯ್ಕೊ ಬಂದಳು. 1985ರಿಂದ 87ರವರೆಗೆ ಓನ್ಯಾಂಕೊ ಕ್ಲಬ್ ಅನ್ನೋ ದೊಡ್ಡ ಗುಂಪು ದಿನಾ ಸಂಜೆ ಟಿವಿಯಲ್ಲಿ ಬರ್ತಿತ್ತು. ಅದಕ್ಕೆ ಹಾಡು ಬರೀತಿದ್ದವನು ಅಕಿಮೊತೊ ಯಾಸುಶಿ. ಈ ಹೆಸರು ನೆನಪಿಟ್ಕೊಳ್ಳಿ, ಮತ್ತೆ ಬರ್ತಾನೆ. ಆಮೇಲೆ ಬಾಗಿಲು ಮುಚ್ಚಿತು. 1989ರಲ್ಲಿ 'ದ ಬೆಸ್ಟ್ ಟೆನ್' ಅನ್ನೋ ಹಾಡುಗಳ ಪ್ರಸಿದ್ಧ ಕಾರ್ಯಕ್ರಮ ನಿಂತುಹೋಯ್ತು. ಹುಡುಗರು ರಾಕ್ ಬ್ಯಾಂಡುಗಳ ಹಿಂದೆ ಹೋದರು. ಆರ್ಥಿಕತೆಯ ಗುಳ್ಳೆ ಒಡೀತು. ಆ ಕಾಲವನ್ನು ಇಲ್ಲಿನವರು 'ಐಡಲ್‌ಗಳ ಚಳಿಗಾಲ' ಅಂತಾರೆ. ಟಿವಿಯಲ್ಲಿ ಜಾಗ ಇಲ್ಲದ ಹುಡುಗಿಯರು ಮತ್ತು ಟಿವಿಯಲ್ಲಿ ನೋಡೋಕೆ ಯಾರೂ ಉಳಿಯದ ಅಭಿಮಾನಿಗಳು, ಇಬ್ಬರೂ ಟೋಕಿಯೋದ ಸಣ್ಣ ಸಂಗೀತದ ನೆಲಮಾಳಿಗೆಗಳಲ್ಲಿ ಒಬ್ಬರನ್ನೊಬ್ಬರು ಕಂಡುಕೊಂಡರು. ಮಿಜುನೊ ಅವೊಯ್ ಅನ್ನೋ ಗಾಯಕಿಯನ್ನು ಈ ಪರಂಪರೆಯ ಮೊದಲಿಗಳು ಅಂತ ಹೇಳೋದುಂಟು. ಆಮೇಲೆ ಮೊಮೊಯ್ ಹಾರುಕೊ ಅಕಿಹಾಬಾರಾದ ಬೀದಿಯಲ್ಲೇ ನಿಂತು ಹಾಡಿದಳು. ಮುಂದೆ ಪ್ರಪಂಚ ಸುತ್ತಿದ ಪರ್ಫ್ಯೂಮ್ ತಂಡದ ಮೂವರು ಕೂಡ ಹಿರೋಶಿಮಾದಿಂದ ಬಂದ ಹೊಸದರಲ್ಲಿ ಇದೇ ಅಕಿಹಾಬಾರಾದಲ್ಲಿ ತಮ್ಮ ಕರಪತ್ರ ತಾವೇ ಹಂಚಿದವರು.

2005ರ ಡಿಸೆಂಬರ್ 8. ಅಕಿಹಾಬಾರಾದ ಡಾನ್ ಕಿಹೋತೆ ಅಂಗಡಿಯ ಎಂಟನೇ ಮಹಡಿಯಲ್ಲಿ ಅಕಿಮೊತೊ ಯಾಸುಶಿ 250 ಜನ ಹಿಡಿಸೋ ಒಂದು ಥಿಯೇಟರ್ ತೆರೆದ. ತಂಡದ ಹೆಸರು ಎಕೆಬಿ48. ಮೊದಲ ದಿನ ಬಂದವರು 72 ಜನ, ಅದರಲ್ಲಿ ದುಡ್ಡು ಕೊಟ್ಟು ಟಿಕೆಟ್ ತಗೊಂಡ ಸಾಮಾನ್ಯ ಪ್ರೇಕ್ಷಕರು ಏಳೇ ಜನ ಅನ್ನೋದು ಇಲ್ಲಿ ಎಲ್ಲರಿಗೂ ಗೊತ್ತಿರೋ ಕಥೆ. ಎಂಟನೇ ಮಹಡಿ ಅಂದ್ರೂ ಅವನು ಮಾಡಿದ್ದು ನೆಲಮಾಳಿಗೆಯ ವ್ಯಾಪಾರವನ್ನೇ ದೊಡ್ಡದು ಮಾಡೋ ಕೆಲಸ. ಹೋಗಿ ಭೇಟಿ ಮಾಡಬಹುದಾದ ಐಡಲ್. ಸಿಡಿ ಕೊಂಡರೆ ಕೈಕುಲುಕೋ ಚೀಟಿ. 2009ರಿಂದ 2018ರವರೆಗೆ ಚುನಾವಣೆ ಬೇರೆ, ಸಿಡಿ ಜೊತೆ ಮತ ಹಾಕೋ ಹಕ್ಕು. ಒಬ್ಬೊಬ್ಬರು ಒಂದೇ ಸಿಡಿಯ ನೂರು ಪ್ರತಿ ಕೊಳ್ಳೋರು. ಅದು ಗೆದ್ದಿದ್ದೇ ತಡ, ಊರೂರಲ್ಲಿ ನೆಲಮಾಳಿಗೆಗಳು ತುಂಬಿಹೋದವು. 2010ರಲ್ಲಿ ಟೋಕಿಯೋ ಐಡಲ್ ಫೆಸ್ಟಿವಲ್ ಶುರುವಾಯ್ತು. ಹರಾಜುಕು ಹತ್ತಿರದ ಬೀದಿಯಲ್ಲಿ ಹಾಡ್ತಿದ್ದ ಮೊಮೊಇರೊ ಕ್ಲೋವರ್ ತಂಡ 2014ರ ಮಾರ್ಚಿನಲ್ಲಿ ರಾಷ್ಟ್ರೀಯ ಸ್ಟೇಡಿಯಮ್ಮನ್ನೇ ತುಂಬಿಸಿತು. ಪ್ರತಿ ನೆಲಮಾಳಿಗೆಯ ಹುಡುಗಿಗೂ ಅದೊಂದು ಲಾಟರಿ ಟಿಕೆಟ್.

ಈಗ ವ್ಯಾಪಾರದ ಒಳಗೆ ಬನ್ನಿ. ಇಂಜಿನಿಯರ್ ಬುದ್ಧಿ ನೋಡಿ, ಹೇಗೆ ನಡೆಯುತ್ತೆ ಅಂತ ತಿಳಿಯದೆ ನಿದ್ದೆ ಬರಲ್ಲ :)

ಹಾಡು ಇಪ್ಪತ್ತೈದು ನಿಮಿಷ. ಒಂದೇ ಸಂಜೆ ಐದಾರು ತಂಡ ಸರದಿಯಲ್ಲಿ ಬರ್ತಾವೆ. ಟಿಕೆಟ್ಟಿನ ದುಡ್ಡು ಜಾಗದ ಬಾಡಿಗೆಗೂ ಆಯೋಜಕರಿಗೂ ಹೆಚ್ಚುಕಮ್ಮಿ ಮುಗಿದುಹೋಗುತ್ತೆ. ಬರುವಾಗಲೇ ಬಾಗಿಲಲ್ಲಿ "ಯಾರನ್ನ ನೋಡೋಕೆ ಬಂದ್ರಿ?" ಅಂತ ಕೇಳಿ ತಂಡದ ಹೆಸರಿನ ಮುಂದೆ ಗೀಟು ಹಾಕ್ಕೊಳ್ತಾರೆ. ಯಾರ ಹೆಸರಿಗೆ ಎಷ್ಟು ಗೀಟು ಬಿತ್ತು ಅನ್ನೋದರ ಮೇಲೆ ಲೆಕ್ಕ. ನಿಜವಾದ ಸಂಪಾದನೆ ಹಾಡು ಮುಗಿದ ಮೇಲೆ. ಗೋಡೆ ಪಕ್ಕ ಮಡಚೋ ಮೇಜುಗಳು ಬರ್ತಾವೆ. ಅಲ್ಲಿ ಮಾರಾಟವಾಗೋದು ಮುಖ್ಯವಾಗಿ 'ಚೆಕಿ'. ಫ್ಯೂಜಿಫಿಲ್ಮ್ ಕಂಪನಿ 1998ರಲ್ಲಿ ಬಿಟ್ಟ, ತೆಗೆದ ತಕ್ಷಣ ಫೋಟೋ ಉಗುಳೋ ಪುಟ್ಟ ಕ್ಯಾಮೆರಾ ಅದು. ಸಾವಿರದಿಂದ ಎರಡು ಸಾವಿರ ಯೆನ್ ಕೊಟ್ಟರೆ ನಿಮ್ಮ ಇಷ್ಟದ ಹುಡುಗಿಯ ಜೊತೆ ಒಂದು ಫೋಟೋ. ಆ ಫೋಟೋ ಮೂಡುವಷ್ಟು ಹೊತ್ತು, ಅದರ ಮೇಲೆ ಅವಳು ಬಣ್ಣದ ಪೆನ್ನಲ್ಲಿ ನಿಮ್ಮ ಹೆಸರು, ತಾರೀಕು, ಒಂದು ಹೃದಯ ಬರೆಯುವಷ್ಟು ಹೊತ್ತು, ಅವಳು ನಿಮ್ಮ ಜೊತೆ ಮಾತಾಡ್ತಾಳೆ. ಒಂದು ನಿಮಿಷ. ಆಮೇಲೆ ಪಕ್ಕದಲ್ಲಿ ನಿಂತ ಸಿಬ್ಬಂದಿ ಭುಜ ತಟ್ಟಿ ಸರಿಸ್ತಾನೆ. ಇನ್ನೊಂದು ನಿಮಿಷ ಬೇಕಾ? ಮತ್ತೆ ಕ್ಯೂ, ಮತ್ತೆ ದುಡ್ಡು. ಅದರಲ್ಲಿ ಒಂದು ಪಾಲು ಹುಡುಗಿಗೆ. ಬಹಳಷ್ಟು ಜನಕ್ಕೆ ಸಂಬಳ ಅಂತ ಸಿಗೋದು ಆ ಪಾಲೇ.

ಈ ಒಂದು ನಿಮಿಷದ ಸುತ್ತ ಒಂದು ಇಡೀ ನಿಘಂಟು ಬೆಳೆದಿದೆ. ನೀವು ಯಾರ ಪರವೋ ಅವಳು ನಿಮ್ಮ 'ಒಶಿ'. ಅವಳು ಚೆನ್ನಾಗಿ ಮಾತಾಡಿಸಿದರೆ 'ದೇವರ ಉಪಚಾರ', ಮುಖ ಗಂಟಿಕ್ಕಿದರೆ 'ಉಪ್ಪಿನ ಉಪಚಾರ'. ನಿಜವಾಗಿಯೂ ಪ್ರೀತಿಸಿಬಿಟ್ಟವನು 'ಗಾಚಿಕೊಯ್'. ಎಲ್ಲಕ್ಕಿಂತ ದೊಡ್ಡ ಪದ 'ನಿಂಚಿ'. ಅಂದ್ರೆ ಗುರುತು ಸಿಗೋದು. ಅವಳು ನಿಮ್ಮ ಮುಖ ನೋಡಿ, ಕೇಳದೇ ನಿಮ್ಮ ಹೆಸರು ಹೇಳೋ ದಿನ. ಸೀನಿಯರ್ ಈ ಪದ ಹೇಳಿಕೊಟ್ಟಾಗ ಅವರ ಧ್ವನಿ ಸ್ವಲ್ಪ ಬದಲಾಯ್ತು. ಹಾಡು ಸಾಧಾರಣ, ಕುಣಿತವೂ ಸಾಧಾರಣ. ಅಲ್ಲಿ ಮಾರಾಟಕ್ಕಿರೋ ಸರಕು ಹಾಡಲ್ಲ, ಈ ಗುರುತು.

ಇನ್ನು ಕಥೆಗಳ ಕಡೆ ಹೋಗೋಣ.

ಮೊದಲು ಓದಬೇಕಾದ್ದು 1991ರಲ್ಲಿ ತಾಕೆಉಚಿ ಯೋಶಿಕಾಜು ಬರೆದ 'ಪರ್ಫೆಕ್ಟ್ ಬ್ಲೂ' ಕಾದಂಬರಿ. ಅದಕ್ಕೆ ಎರಡೇ ವರ್ಷ ಮುಂಚೆ, 1989ರಲ್ಲಿ, ಪುಟ್ಟ ಹುಡುಗಿಯರನ್ನು ಕೊಂದ ಒಬ್ಬ ಸಿಕ್ಕಿಬಿದ್ದಿದ್ದ. ಅವನ ಕೋಣೆಯಲ್ಲಿ ಸಾವಿರಾರು ವಿಡಿಯೋ ಕ್ಯಾಸೆಟ್ಟು. ಅವತ್ತಿನಿಂದ ಕೋಣೆಯೊಳಗೆ ಕೂತ ಅಭಿಮಾನಿ ಅಂದ್ರೆ ಇಡೀ ದೇಶಕ್ಕೆ ಭಯ. ಕಾದಂಬರಿಯ ಭಯವೂ ಅದೇ ಜಾತಿಯದು, ಐಡಲ್ಲಿನ ಹಿಂದೆ ಬಿದ್ದ ಹುಚ್ಚ. ಆದರೆ ಅದನ್ನು ಅನಿಮೇಶನ್ ಸಿನಿಮಾ ಮಾಡಿದ ಸಾತೊಶಿ ಕೋನ್ ಕಥೆಯನ್ನು ಬೇರೆಯದೇ ಕಡೆಗೆ ತಿರುಗಿಸಿದ. 1997ರಲ್ಲಿ ಮಾಂಟ್ರಿಯಲ್ಲಿನ ಚಿತ್ರೋತ್ಸವದಲ್ಲಿ ಮೊದಲ ಪ್ರದರ್ಶನ, ಮರುವರ್ಷ ಜಪಾನಿನಲ್ಲಿ ಬಿಡುಗಡೆ. ಅದು ಅವನ ಮೊದಲ ಸಿನಿಮಾ. ಮಕ್ಕಳಿಗಲ್ಲ, ಖಂಡಿತ ಮಕ್ಕಳಿಗಲ್ಲ.

ಅದರ ಮೊದಲ ದೃಶ್ಯ ನೋಡಿದಾಗ ನಾನು ನೋಡಿದ ನೆಲಮಾಳಿಗೆಯೇ ಕಣ್ಣಮುಂದೆ ಬಂತು. ಬಯಲಿನ ಒಂದು ಚಿಕ್ಕ ವೇದಿಕೆ. ಮೊದಲು ಮಕ್ಕಳಿಗಾಗಿ ಬಣ್ಣದ ವೇಷದ ವೀರರ ಆಟ, ಅದು ಮುಗಿದ ಮೇಲೆ 'ಚಾಮ್' ಅನ್ನೋ ಮೂವರು ಹುಡುಗಿಯರ ತಂಡ. ದೊಡ್ಡ ಕ್ಯಾಮೆರಾ ಹಿಡಿದ ಗಂಡಸರ ಗುಂಪು. ಮೀಮಾ ಅನ್ನೋ ಹುಡುಗಿ ಅವತ್ತೇ ತಂಡ ಬಿಟ್ಟು ನಟಿಯಾಗ್ತಾಳೆ. ಅವಳಿಗೆ ಬೇಕಿತ್ತಾ? ಕಂಪನಿಗೆ ಬೇಕಿತ್ತು. ಧಾರಾವಾಹಿಯಲ್ಲಿ ಅವಳ ಪಾತ್ರ ಬೆಳೀಬೇಕಂದ್ರೆ ಅತ್ಯಾಚಾರದ ಒಂದು ದೃಶ್ಯ ಮಾಡಬೇಕು ಅಂತ ತೀರ್ಮಾನವಾಗುತ್ತೆ. ಅವಳು ಪರವಾಗಿಲ್ಲ ಅಂತ ನಕ್ಕು ಒಪ್ಪಿಕೊಳ್ತಾಳೆ. ಚಿತ್ರೀಕರಣ ಮುಗಿಸಿ ಮನೆಗೆ ಬಂದಾಗ ತೊಟ್ಟಿಯ ಸಣ್ಣ ಮೀನುಗಳು ಸತ್ತು ತೇಲ್ತಿರ್ತಾವೆ. ಅವಳು ಅಳೋದು ಆಗ. ಇಡೀ ಸಿನಿಮಾದಲ್ಲಿ ಕೊಲೆಗಳಿವೆ, ಆದ್ರೆ ನನ್ನನ್ನು ಅಲ್ಲಾಡಿಸಿದ್ದು ಆ ಮೀನುಗಳು.

ಇನ್ನೊಂದು ವಿಷಯ, ನಮ್ಮ ಕಸುಬಿನವರಿಗಾಗಿ. ಆ ಸಿನಿಮಾದಲ್ಲಿ ಮೀಮಾಗೆ ಇಂಟರ್ನೆಟ್ ಅಂದ್ರೇನು ಅಂತ ಗೊತ್ತಿಲ್ಲ. ಅವಳ ಮ್ಯಾನೇಜರ್ ರೂಮಿ ಕಂಪ್ಯೂಟರಿನಲ್ಲಿ ಬ್ರೌಸರ್ ಹೇಗೆ ತೆರೆಯೋದು ಅಂತ ಹೇಳಿಕೊಡ್ತಾಳೆ. ಅಲ್ಲಿ 'ಮೀಮಾಳ ಕೋಣೆ' ಅನ್ನೋ ಪುಟ. ಅವಳೇ ಬರೆದ ದಿನಚರಿಯಂತೆ ಯಾರೋ ಬರೀತಿದ್ದಾರೆ. ಇವತ್ತು ಯಾವ ಕಾಲು ಮೊದಲಿಟ್ಟು ರೈಲಿನಿಂದ ಇಳಿದೆ ಅನ್ನೋ ಮಟ್ಟಿಗೆ ಸರಿಯಾಗಿ. ಮೊದಲು ಅವಳು ನಗ್ತಾಳೆ. ಆಮೇಲೆ ಪುಟದಲ್ಲಿರೋ ಮೀಮಾ ನಿಜವೋ ನಾನು ನಿಜವೋ ಅಂತ ಅನುಮಾನ ಶುರುವಾಗುತ್ತೆ. 1997ರಲ್ಲಿ, ಫೇಸ್‌ಬುಕ್ಕೂ ಇಲ್ಲ ಟ್ವಿಟ್ಟರೂ ಇಲ್ಲದ ಕಾಲದಲ್ಲಿ, ಇದನ್ನ ಹೇಗೆ ಊಹಿಸಿದರೋ! ಸಿನಿಮಾ ನೋಡಿಲ್ಲದವರು ಮುಂದಿನ ಒಂದು ವಾಕ್ಯ ಬಿಟ್ಟು ಓದಿ. ಕೊಲೆಗಳ ಹಿಂದಿರೋದು ವಿಕಾರ ಮುಖದ ಆ ಅಭಿಮಾನಿಯೊಬ್ಬನೇ ಅಲ್ಲ, ಹಿಂದೊಮ್ಮೆ ತಾನೂ ಐಡಲ್ ಆಗಿದ್ದು ಆ ಕಾಲವನ್ನು ಬಿಟ್ಟು ಬರಲಾಗದ ರೂಮಿ. ಅಂದ್ರೆ ಕೋನ್ ಬೆರಳು ತೋರಿಸಿದ್ದು ಅಭಿಮಾನಿಯ ಕಡೆಗೆ ಮಾತ್ರ ಅಲ್ಲ, ಮುಗಿಯೋ ದಿನಾಂಕ ಹಾಕಿ ಹುಡುಗಿಯರನ್ನ ಮಾರೋ ಆ ವ್ಯವಸ್ಥೆಯ ಕಡೆಗೂ.

ವಯಸ್ಕರ ಮಾರುಕಟ್ಟೆಯಲ್ಲಿ ಇದೇ ಕಥೆಯ ಅಗ್ಗದ ಆವೃತ್ತಿಗಳೂ ಇವೆ. ಐಡಲ್ ಜಾರಿಬೀಳೋದನ್ನೇ ಮಾರೋ ಸರಕು. ಅದರ ಬಗ್ಗೆ ಹೆಚ್ಚು ಬರೆಯೋ ಮನಸ್ಸಿಲ್ಲ. ಅಷ್ಟು ಶುದ್ಧ ಅಂತ ಯಾರನ್ನಾದ್ರೂ ಮಾರಿದರೆ, ಆ ಶುದ್ಧತೆ ಒಡೆಯೋದನ್ನೂ ಮಾರೋಕೆ ಪಕ್ಕದ ಅಂಗಡಿಯವನು ಕಾದಿರ್ತಾನೆ, ಅಷ್ಟೇ. ಆದ್ರೆ ಅದು ಬರೀ ಕಲ್ಪನೆ ಅಂತ ಕೈ ತೊಳ್ಕೊಳ್ಳೋ ಹಾಗಿರಲಿಲ್ಲ. 2016ರ ಮಾರ್ಚಿನಲ್ಲಿ ಹ್ಯೂಮನ್ ರೈಟ್ಸ್ ನೌ ಅನ್ನೋ ಸಂಸ್ಥೆ ಒಂದು ವರದಿ ತಂದಿತು. ಮಾಡೆಲ್ ಮಾಡ್ತೀವಿ, ಐಡಲ್ ಮಾಡ್ತೀವಿ ಅಂತ ಬೀದಿಯಲ್ಲಿ ಮಾತಾಡಿಸಿ ಒಪ್ಪಂದಕ್ಕೆ ಸಹಿ ಹಾಕಿಸ್ಕೊಂಡು, ಆಮೇಲೆ ದಂಡದ ಬೆದರಿಕೆ ಹಾಕಿ ಹುಡುಗಿಯರನ್ನ ಅಶ್ಲೀಲ ಚಿತ್ರಗಳಿಗೆ ತಳ್ಳಿದ ಪ್ರಕರಣಗಳು ಅದರಲ್ಲಿದ್ದವು. ಕೊನೆಗೆ 2022ರ ಜೂನಿನಲ್ಲಿ ಸಂಸತ್ತು ಕಾನೂನು ಮಾಡಿತು. ಚಿತ್ರ ಹೊರಬಂದ ಮೇಲೂ ಒಂದು ನಿಗದಿತ ಅವಧಿಯೊಳಗೆ ಒಪ್ಪಂದ ರದ್ದು ಮಾಡೋ ಹಕ್ಕು ನಟಿಸಿದವರಿಗೆ ಸಿಕ್ಕಿತು. ಮೀಮಾಳ ಮೀನು ಸತ್ತು ಇಪ್ಪತ್ತೈದು ವರ್ಷದ ಮೇಲೆ.

ಚಾಕುವಿನ ಭಾಗವೂ ನಿಜವಾಯ್ತು. 2014ರ ಮೇ 25ರಂದು ಇವಾತೆ ಪ್ರಾಂತ್ಯದಲ್ಲಿ ಎಕೆಬಿ48ರ ಕೈಕುಲುಕೋ ಕಾರ್ಯಕ್ರಮಕ್ಕೆ ಒಬ್ಬ ಗರಗಸ ತಂದು ಇಬ್ಬರು ಸದಸ್ಯೆಯರನ್ನೂ ಒಬ್ಬ ಸಿಬ್ಬಂದಿಯನ್ನೂ ಗಾಯಗೊಳಿಸಿದ. ಎರಡು ವರ್ಷದ ಮೇಲೆ, 2016ರ ಮೇ 21ರಂದು, ಟೋಕಿಯೋದ ಕೊಗಾನೆಯ್‌ನಲ್ಲಿ ಹಾಡೋಕೆ ಹೊರಟಿದ್ದ 20 ವರ್ಷದ ಕಾಲೇಜು ವಿದ್ಯಾರ್ಥಿನಿಯನ್ನು ಸಭಾಂಗಣದ ಹೊರಗೇ ಅಡ್ಡಗಟ್ಟಿ ಒಬ್ಬ ಮನಬಂದಂತೆ ಇರಿದ. ಅವಳು ಬದುಕಿದ್ದೇ ಪವಾಡ. ಅವನು ಮುಂಚೆಯಿಂದ ಟ್ವಿಟ್ಟರಿನಲ್ಲಿ ಬೆನ್ನು ಹತ್ತಿದ್ದ. ಅವಳು ಪೊಲೀಸರ ಹತ್ತಿರ ಹೋಗಿದ್ದಳು. ಅವರು ಅದನ್ನ ಬೆನ್ನುಹತ್ತಿ ಕಾಡೋ ಪ್ರಕರಣ ಅಂತ ದಾಖಲಿಸಿರಲಿಲ್ಲ. ಆಗಿನ ಕಾನೂನಿನಲ್ಲಿ ಫೋನು, ಇಮೇಲು ಇತ್ತು, ಸೋಷಿಯಲ್ ಮೀಡಿಯಾ ಸಂದೇಶ ಇರಲಿಲ್ಲ. ಆ ವರ್ಷದ ಡಿಸೆಂಬರಿನಲ್ಲಿ ತಿದ್ದುಪಡಿ ಮಾಡಿ ಅದನ್ನ ಸೇರಿಸಿದರು. 2017ರಲ್ಲಿ ಅವನಿಗೆ ಹದಿನಾಲ್ಕೂವರೆ ವರ್ಷ ಜೈಲಾಯ್ತು.

ನನಗೆ ಸಿಟ್ಟು ಬಂದಿದ್ದು ಇನ್ನೊಂದು ಕಾರಣಕ್ಕೆ. ಘಟನೆಯಾದ ದಿನ ಪತ್ರಿಕೆ, ಟಿವಿ ಎಲ್ಲ ಅವಳನ್ನ 'ನೆಲದಡಿಯ ಐಡಲ್' ಅಂತ ಬರೆದವು. ಅವಳು ಗಿಟಾರ್ ಹಿಡಿದು ತನ್ನ ಹಾಡು ಹಾಡೋ ಗಾಯಕಿ, ನಟಿ. ಐಡಲ್ ಅಲ್ಲ. ಆದ್ರೆ ಆ ಒಂದು ಪದ ಹಾಕಿದ ಕೂಡಲೇ ಓದುಗನಿಗೆ ಕಥೆ ಗೊತ್ತಾಗಿಬಿಡುತ್ತೆ: ಅಭಿಮಾನಿಗಳ ಪ್ರೀತಿ ಮಾರ್ಕೊಂಡು ಬದುಕೋಳು, ಅದಕ್ಕೇ ಹೀಗಾಯ್ತು. ಚಾಕು ಹಿಡಿದವನಿಗಿಂತ ಮೊದಲು ಇರಿಸಿಕೊಂಡವಳಿಗೆ ವಿವರಣೆ ಸಿದ್ಧ. ನೆಲಮಾಳಿಗೆಯ ಹುಡುಗಿಯರಲ್ಲೂ ಅನೇಕರು ಈ 'ಚಿಕಾ' ಪದ ಇಷ್ಟಪಡಲ್ಲ, 'ಲೈವ್ ಐಡಲ್' ಅಂತ ಹೇಳ್ಕೊಳ್ತಾರೆ.

ಪ್ರೀತಿ ಮಾಡಬಾರದು ಅನ್ನೋ ಷರತ್ತಿನ ಬಗ್ಗೆ ನ್ಯಾಯಾಲಯ ಏನು ಹೇಳಿತು ಗೊತ್ತಾ? ಎರಡು ತರ ಹೇಳಿತು. 2015ರ ಸೆಪ್ಟೆಂಬರಿನಲ್ಲಿ ಟೋಕಿಯೋ ಜಿಲ್ಲಾ ನ್ಯಾಯಾಲಯ, ಷರತ್ತು ಮುರಿದ 17ರ ಹುಡುಗಿಯೊಬ್ಬಳ ಕಡೆಯಿಂದ ಕಂಪನಿಗೆ ಸುಮಾರು 6.5 ಲಕ್ಷ ಯೆನ್ ಪರಿಹಾರ ಕೊಡಿಸಿತು. ನಾಲ್ಕೇ ತಿಂಗಳಿಗೆ, 2016ರ ಜನವರಿಯಲ್ಲಿ, ಅದೇ ನ್ಯಾಯಾಲಯದ ಇನ್ನೊಂದು ತೀರ್ಪು: ಪ್ರೀತಿಸೋದು ಸುಖವನ್ನು ಅರಸೋ ಹಕ್ಕಿನ ಭಾಗ, ದಂಡ ಹಾಕಿ ಅದನ್ನ ತಡೆಯೋದು ಅತಿಯಾಯ್ತು. ಕಂಪನಿ ಸೋತಿತು. ಇದೇ ಹೊತ್ತಿಗೆ, 2015ರಲ್ಲಿ, ಅಸಾಯ್ ರ್ಯೋ 'ಬುಡೋಕಾನ್' ಅನ್ನೋ ಕಾದಂಬರಿ ಬರೆದ. ಹದಿಹರೆಯದ ಹುಡುಗಿಯರ ತಂಡವೊಂದು ಆ ದೊಡ್ಡ ಸಭಾಂಗಣ ಮುಟ್ಟಬೇಕು ಅಂತ ಹೆಣಗೋ ಕಥೆ. ಈ ಪ್ರೀತಿ ನಿಷೇಧ, ಇಂಟರ್ನೆಟ್ಟಿನ ಬಾಯಿ, ಎಲ್ಲ ಅದರೊಳಗಿದೆ. ಜೂಡೋಗಾಗಿ 1964ರ ಒಲಿಂಪಿಕ್ಸ್ ಹೊತ್ತಿಗೆ ಕಟ್ಟಿದ, ಮೊಮೊಯೆ ಮೈಕ್ ಇಟ್ಟ ಅದೇ ಬುಡೋಕಾನ್. ನೆಲಮಾಳಿಗೆಯ ನಲವತ್ತು ಜನರಿಂದ ಅಲ್ಲಿನ ಹತ್ತು ಸಾವಿರದಾಚೆಯ ಸೀಟುಗಳವರೆಗಿನ ದೂರವೇ ಈ ಲೋಕದ ಅಳತೆಗೋಲು.

ಅದೇ 2015ರಲ್ಲಿ ಹಿರಾವೊ ಔರಿ ಶುರು ಮಾಡಿದ ಒಂದು ಮಾಂಗಾ ನನ್ನ ಅಚ್ಚುಮೆಚ್ಚು. ಹೆಸರೇ ನಗು ತರಿಸುತ್ತೆ, 'ನನ್ನ ಒಶಿ ಬುಡೋಕಾನ್ ತಲುಪಿದರೆ ನಾನು ಸತ್ತರೂ ಸೈ' ಅನ್ನೋ ಅರ್ಥ. ನಡೆಯೋದು ಟೋಕಿಯೋದಲ್ಲೂ ಅಲ್ಲ, ಒಕಾಯಾಮಾ ಅನ್ನೋ ಊರಲ್ಲಿ. ಅಲ್ಲಿಯ ಚಿಕ್ಕ ತಂಡದಲ್ಲಿ ಎಲ್ಲರಿಗಿಂತ ಕಡಿಮೆ ಅಭಿಮಾನಿಗಳಿರೋ ಮಾಯ್ನಾ ಅನ್ನೋ ನಾಚಿಕೆಯ ಹುಡುಗಿ. ಅವಳಿಗೆ ಅಂಟಿಕೊಂಡ ಅಭಿಮಾನಿ ಎರಿಪಿಯೊ, ಇವಳೂ ಹೆಂಗಸು. ಬ್ರೆಡ್ ಫ್ಯಾಕ್ಟರಿಯಲ್ಲಿ ಕೆಲಸ, ಬಂದ ದುಡ್ಡೆಲ್ಲ ಸಿಡಿಗೆ. ಬಟ್ಟೆಗಳನ್ನೂ ಮಾರ್ಕೊಂಡು ಒಂದೇ ಕೆಂಪು ಟ್ರ್ಯಾಕ್ ಸೂಟಿನಲ್ಲಿ ಓಡಾಡ್ತಾಳೆ. ತಮಾಷೆ ಏನಂದ್ರೆ ಮಾಯ್ನಾಗೂ ಇವಳಂದ್ರೆ ಇಷ್ಟ. ಆದ್ರೆ ಸಿಗೋ ಆ ಕೆಲವು ಸೆಕೆಂಡಿನಲ್ಲಿ ಬಾಯಿಂದ ಮಾತೇ ಹೊರಡಲ್ಲ. ಅಲ್ಲಿ ಯಾರ ಕೈಯಲ್ಲೂ ಚಾಕು ಇಲ್ಲ. 'ಪರ್ಫೆಕ್ಟ್ ಬ್ಲೂ' ಅಭಿಮಾನಿಯನ್ನ ದೂರದಿಂದ ನೋಡಿ ಹೆದರಿದ್ದರೆ, ಇದು ಅವನ, ಅಲ್ಲ ಅವಳ, ಪಕ್ಕದಲ್ಲಿ ಕ್ಯೂನಲ್ಲಿ ನಿಂತು ನೋಡುತ್ತೆ.

2020ರಲ್ಲಿ ಉಸಾಮಿ ರಿನ್ ಇನ್ನೂ ಒಳಗೆ ಹೋದಳು. 'ಒಶಿ, ಮೊಯು' ಅನ್ನೋ ಸಣ್ಣ ಕಾದಂಬರಿ. ಒಶಿ ಉರಿಯುತ್ತಿದ್ದಾನೆ ಅಂತ ಅರ್ಥ, ಇಲ್ಲಿನ ಇಂಟರ್ನೆಟ್ ಭಾಷೆಯಲ್ಲಿ ಉರಿಯೋದು ಅಂದ್ರೆ ಎಲ್ಲರೂ ಸೇರಿ ಛೀಮಾರಿ ಹಾಕೋದು. 2021ರ ಜನವರಿಯಲ್ಲಿ ಅಕುತಾಗಾವಾ ಪ್ರಶಸ್ತಿ ಬಂದಾಗ ಲೇಖಕಿಗೆ 21 ವರ್ಷ. ಕಥಾನಾಯಕಿ ಅಕಾರಿ ಹೈಸ್ಕೂಲ್ ಹುಡುಗಿ. ಶಾಲೆ ಅವಳ ಕೈಲಾಗಲ್ಲ, ಹೋಟೆಲ್ಲಿನ ಕೆಲಸ ಕೈಲಾಗಲ್ಲ, ಮನೆಯಲ್ಲಿ ಯಾರಿಗೂ ಅವಳು ಅರ್ಥವಾಗಲ್ಲ. ಒಬ್ಬ ಐಡಲ್ ಹುಡುಗನ ಮೇಲಿನ ನಿಷ್ಠೆಯೊಂದೇ ಅವಳ ಬೆನ್ನುಮೂಳೆ. ಅವನು ಒಬ್ಬ ಅಭಿಮಾನಿಯನ್ನ ಹೊಡೆದುಬಿಡ್ತಾನೆ. ಆಮೇಲೆ ನಿವೃತ್ತಿ. ಆ ತಂಡ ನೆಲಮಾಳಿಗೆಯದಲ್ಲ, ಸಾಕಷ್ಟು ದೊಡ್ಡದು, ಆದ್ರೆ ಅಕಾರಿ ಇರೋದು ನೆಲಮಾಳಿಗೆಯಲ್ಲೇ. ಅವಳಿಗೆ ಗುರುತು ಕೂಡ ಬೇಕಿಲ್ಲ, ದೂರ ಇದ್ದಷ್ಟೂ ನೆಮ್ಮದಿ. ಪುಸ್ತಕ ಅವಳನ್ನ ಹುಚ್ಚಿ ಅನ್ನಲ್ಲ, ಬಲಿಪಶು ಅಂತಲೂ ಅನ್ನಲ್ಲ. ನನ್ನ ಕುಂಟು ಜಪಾನಿ ಭಾಷೆಯಲ್ಲಿ ಓದಿ ಮುಗಿಸೋಕೆ ಎರಡು ತಿಂಗಳು ಬೇಕಾಯ್ತು.

ಅದೇ 2020ರಲ್ಲಿ ಶುರುವಾಗಿ 2024ರ ನವೆಂಬರಿನಲ್ಲಿ ಮುಗಿದ 'ಒಶಿ ನೊ ಕೊ' ಮಾಂಗಾ ನಿಮ್ಮಲ್ಲಿ ಕೆಲವರು ನೋಡಿರ್ತೀರಿ. ಅಕಾಸಾಕಾ ಅಕಾ ಕಥೆ, ಯೋಕೊಯಾರಿ ಮೆಂಗೊ ಚಿತ್ರ. 2023ರ ಅನಿಮೆಗೆ ಯೋಆಸೋಬಿ ಮಾಡಿದ ಹಾಡು ಪ್ರಪಂಚವೆಲ್ಲ ಕೇಳಿಸಿತು. ಅದರಲ್ಲಿ ಆಯ್ ಅನ್ನೋ ಐಡಲ್ ಮನೆಬಾಗಿಲಲ್ಲೇ ಅಭಿಮಾನಿಯ ಚಾಕುವಿಗೆ ಬಲಿಯಾಗ್ತಾಳೆ. ಸಾಯುವಾಗ ಅವನ ಹೆಸರು, ಅವನು ಹಿಂದೆ ಕೊಟ್ಟ ಉಡುಗೊರೆ, ಎರಡನ್ನೂ ನೆನೆಸಿಕೊಳ್ತಾಳೆ. ಅದೇ ನಿಂಚಿ! ಅವನು ಇಷ್ಟು ದಿನ ದುಡ್ಡು ಕೊಟ್ಟು ಕ್ಯೂನಲ್ಲಿ ನಿಂತು ಕೇಳಿದ್ದ ಗುರುತು ಅವನಿಗೆ ಯಾವಾಗಲೋ ಸಿಕ್ಕಿತ್ತು. ಕಥೆ ಆಮೇಲೆ ಸೇಡು, ಪತ್ತೇದಾರಿ ಅಂತ ಎಲ್ಲೆಲ್ಲೋ ಹೋಗಿ ನನಗೆ ಬೇಜಾರಾಯ್ತು, ಆದ್ರೆ ಆ ಒಂದು ಕ್ಷಣ ಬರೆದವನಿಗೆ ನೆಲಮಾಳಿಗೆಯ ವ್ಯಾಪಾರ ಪೂರ್ತಿ ಗೊತ್ತು.

ಸೀನಿಯರ್‌ಗೆ ಈ ಪುಸ್ತಕಗಳ ಬಗ್ಗೆ ಹೇಳಿದೆ. ಅವರು ಒಂದೂ ಓದಿಲ್ಲ. "ಬರೆಯೋರಿಗೆ ಯಾವಾಗಲೂ ಯಾರಾದ್ರೂ ಸಾಯಬೇಕು" ಅಂದ್ರು. ಆಮೇಲೆ ರೈಲಿನಲ್ಲಿ ಬರ್ತಾ ತಾವಾಗೇ 2020ರ ಕಥೆ ಹೇಳಿದರು. ಆ ಫೆಬ್ರವರಿಯಲ್ಲಿ ಒಸಾಕಾದ ಒಂದು ಸಂಗೀತದ ಜಾಗದಿಂದ ಕೊರೊನಾ ಹರಡಿದ ಮೇಲೆ ಇಂಥ ಜಾಗಗಳೆಲ್ಲ ಮುಚ್ಚಿದವು. ತೆರೆದ ಮೇಲೂ ಬಹಳ ಕಾಲ ಬಾಯಿ ಮುಚ್ಕೊಂಡು ನಿಲ್ಲಬೇಕು, ಹೆಸರು ಕೂಗೋ ಹಾಗಿಲ್ಲ. ಚೆಕಿ ತೆಗೆಯುವಾಗ ಮಧ್ಯೆ ಪ್ಲಾಸ್ಟಿಕ್ ಹಾಳೆ. ಅವರ ಒಶಿ ಆ ಹಾಳೆಯ ಆಚೆಯಿಂದ ಮೊದಲು ಕೇಳಿದ್ದು, "ಊಟ ಸರಿಯಾಗಿ ಮಾಡ್ತಿದೀರಾ?" ಅಂತ. ಆ ವರ್ಷ ಬೇರೆ ಯಾರೂ ಅದನ್ನ ಕೇಳಿರಲಿಲ್ಲವಂತೆ.

ಅದು ಅವಳ ಕೆಲಸ, ಎಲ್ಲರಿಗೂ ಅದನ್ನೇ ಕೇಳಿರ್ತಾಳೆ ಅಂತ ನನ್ನ ಬಾಯಿ ತುದಿಗೆ ಬಂದಿತ್ತು. ಹೇಳಲಿಲ್ಲ. ಅವರಿಗೆ ಗೊತ್ತಿಲ್ಲದ್ದೇನಲ್ಲ.

ಹೋದ ತಿಂಗಳು ಅವಳ 'ಪದವಿ' ಇತ್ತು. ಇಪ್ಪತ್ತಾರು ವರ್ಷ, ತಂಡದಲ್ಲಿ ಏಳು ವರ್ಷ. ಬುಡೋಕಾನ್ ಸಿಗಲಿಲ್ಲ. ಅದೇ ನೆಲಮಾಳಿಗೆ, ಈ ಸಲ ಪೂರ್ತಿ ತುಂಬಿತ್ತು. ನಾನೂ ಹೋಗಿದ್ದೆ, ಮೂರನೇ ಸಲ. ಕೊನೆಯ ಚೆಕಿಯ ಕ್ಯೂ ಮೆಟ್ಟಿಲು ಹತ್ತಿ ರಸ್ತೆಗೆ ಬಂದಿತ್ತು. ಸೀನಿಯರ್ ಹತ್ತು ಚೀಟಿ ಕೊಂಡಿದ್ದರು, ಒಂದು ನನ್ನ ಕೈಗಿಟ್ಟರು. ನನ್ನ ಸರದಿ ಬಂತು. ಅವಳು ಮುಖ ನೋಡಿ, ಒಂದು ಕ್ಷಣ ಯೋಚಿಸಿ, ನನ್ನ ಹೆಸರು ಹೇಳಿದಳು. ಆಫೀಸಿನಲ್ಲಿ ವರ್ಷ ಕಳೆದರೂ ಯಾರಿಗೂ ನೆಟ್ಟಗೆ ಬಾರದ ಹೆಸರು, ಅವಳ ಬಾಯಲ್ಲಿ ಒಂದು ಅಕ್ಷರ ಮಾತ್ರ ತಪ್ಪಿತ್ತು. ಅಮ್ಮ ಫೋನಿನಲ್ಲಿ ಕರೆಯೋದು ಬಿಟ್ಟರೆ ಈ ಊರಲ್ಲಿ ನನ್ನ ಹೆಸರು ಅಷ್ಟು ಸರಿಯಾಗಿ ಕೇಳಿದ್ದು ಅವತ್ತೇ. ಒಂದು ನಿಮಿಷದಲ್ಲಿ ಏನು ಮಾತಾಡಿದೆನೋ ನೆನಪಿಲ್ಲ. ಭುಜದ ಮೇಲೆ ಸಿಬ್ಬಂದಿಯ ಕೈ ಬಿತ್ತು.

ಸೋಮವಾರ ಬೆಳಿಗ್ಗೆ ಬಿಲ್ಡ್ ಫೇಲ್ ಆಗಿತ್ತು. ಸೀನಿಯರ್ ಎಂದಿನಂತೆ ನನ್ನ ಸೀಟಿನ ಹತ್ತಿರ ಬಂದು, ನೆಲ ನೋಡ್ತಾ, ನನ್ನದೇ ಕೋಡಿನ ತಪ್ಪು ಅಂದರು. ಅವಳು ಹೇಳಿದ ಹಾಗೇ, ಅದೇ ಒಂದು ಅಕ್ಷರ ತಪ್ಪಿಸಿ, ನನ್ನ ಹೆಸರು ಕರೆದರು.